ದಾಳಿಂಬೆ ಕಲೆ

"ಅದನ್ನ ಮಾತ್ರ ಕ್ಲೀನಿಂಗಿಗೆ ಕೊಡಬೇಡ ಕಣಮ್ಮ," ಎಂದರು ಅತ್ತೆ.

ಬೀರುವಿನ ಬಾಗಿಲು ತೆರೆದಿತ್ತು. ಗಂಡನ ಅಂಗಿಗಳ ಆಚೆ, ಬಿಳಿ ಹತ್ತಿಬಟ್ಟೆಯ ಚೀಲವೊಂದು ಮೂಲೆಯಲ್ಲಿ ತೂಗುತ್ತಿತ್ತು. ಚೀಲದೊಳಗೆ ಅವನ ತೀರಿಕೊಂಡ ಮೊದಲ ಹೆಂಡತಿಯ ಮದುವೆಯ ಬಿಳಿ ರೇಷ್ಮೆ ಉಡುಪು. ನುಸಿಗುಳಿಗೆಯ ಘಾಟಿನ ಅಡಿಯಲ್ಲಿ ಇನ್ನೊಂದು ವಾಸನೆ ಇತ್ತು. ಒದ್ದೆ ಕೂದಲಿನದು, ಬೆವರಿನದು, ಯಾವುದೋ ಸಾಬೂನಿನದು. ಮನುಷ್ಯರ ವಾಸನೆ.

"ಕೊಟ್ಟರೆ ಏನಾಗುತ್ತೆ ಅತ್ತೆ?"

"ಹಾಸಿಗೆ ಹಿಡಿದಾಗ ಯಾರನ್ನೋ ಕರೆಸಿದ್ಲು. ಬಾಗಿಲು ಹಾಕ್ಕೊಂಡು ಏನೇನೋ ಗೊಣಗಿದ್ರು. ಅಂಚಿನೊಳಗೆ ಏನೋ ಇಟ್ಟು ಹೊಲಿದ್ರು. ಏನೇ ಇದು ಅಂತ ಕೇಳಿದ್ದಕ್ಕೆ, 'ಇನ್ಮೇಲೆ ಇದೇ ನನ್ನ ಜಾಗ. ಇಲ್ಲಿಂದ ಎಬ್ಬಿಸಿದವಳ ಹತ್ರಾನೇ ಬೇರೆ ಜಾಗ ಕೇಳ್ತೀನಿ' ಅಂದ್ಲು."

"ಹಾಗಾದ್ರೆ ಅಡ್ವಾನ್ಸ್ ಇಸ್ಕೊಂಡೇ ಜಾಗ ಕೊಡ್ತೀನಿ ಬಿಡಿ."

"ನಗು, ಟೀಚರಮ್ಮ, ನಗು. ಬದುಕಿದ್ದಾಗ ನನ್ನ ಮಗ ಪಕ್ಕದ ಮನೆ ಕೂಸನ್ನ ಎತ್ತಿಕೊಂಡರೂ ಮುಖ ಊದಿಸೋಳು ಅವಳು. ಉಸಿರು ಹೋದ ತಕ್ಷಣ ಹೊಟ್ಟೆಕಿಚ್ಚು ಆರಿಬಿಡುತ್ತಾ?"

ಸೊಸೆ ಹೈಸ್ಕೂಲಿನಲ್ಲಿ ಕೆಮಿಸ್ಟ್ರಿ ಹೇಳಿಕೊಡುತ್ತಿದ್ದಳು. ಅದಕ್ಕೇ ಅತ್ತೆಯ ಬಾಯಲ್ಲಿ ಅವಳು ಟೀಚರಮ್ಮ. ಕಲೆ ಎಂದರೆ ಬಟ್ಟೆಯ ಎಳೆಗೆ ಅಂಟಿಕೊಂಡ ಬಣ್ಣ, ವಾಸನೆ ಎಂದರೆ ಗಾಳಿಗೆ ಹಾರುವ ಕಣ, ಎರಡಕ್ಕೂ ಮದ್ದುಂಟು ಎಂದು ಮಕ್ಕಳಿಗೆ ಪಾಠ ಮಾಡುವವಳು ಮಾಟಕ್ಕೆ ಹೆದರುವುದುಂಟೇ?

ಅವಳ ಸಂಕಟವೇ ಬೇರೆ. ಗಂಡ ಕೆಟ್ಟವನಲ್ಲ. ಕನ್ನಡಕದ ಅಂಗಡಿ ಇಟ್ಟುಕೊಂಡಿದ್ದ. ಗಿರಾಕಿಗಳ ಮುಂದೆ ಕೂತು, 'ಈಗ ಸ್ಪಷ್ಟವಾಗಿದೆಯಾ, ಈಗ?' ಎಂದು ಕೇಳುವಾಗಿನ ತಾಳ್ಮೆಯಿಂದಲೇ ಹೆಂಡತಿಯ ಊಟ, ನಿದ್ದೆ, ತಲೆನೋವು ವಿಚಾರಿಸುತ್ತಿದ್ದ. ಅವಳನ್ನು 'ನೀವು' ಎನ್ನುತ್ತಿದ್ದ. ಸತ್ತವಳನ್ನು ಗುಬ್ಬಿ ಎಂದು ಕರೆಯುತ್ತಿದ್ದನಂತೆ. ಒಮ್ಮೆ ಶಾಲೆಯಿಂದ ಬೇಗ ಬಂದಾಗ ಅವನು ಬೀರುವಿನ ಮುಂದೆ ನಿಂತಿದ್ದ. ಚೀಲ ಬಿಚ್ಚಿ, ಆ ಉಡುಪಿನ ಎದೆಯ ಮೇಲಿನ ಕಂದು ಕಲೆಗೆ ಮುಖ ಒತ್ತಿ, ಉಸಿರೆಳೆಯುತ್ತಿದ್ದ. ನೀರಿನಿಂದ ಮೇಲೆದ್ದವನಂತೆ. ತನ್ನ ಕತ್ತಿನ ಬಳಿ ಅವನು ಹಾಗೆ ಉಸಿರೆಳೆದದ್ದಿಲ್ಲ. ಅಂದಿನಿಂದ ಅವಳ ಹೊಟ್ಟೆಯೊಳಗೆ ಒಂದು ಕೆಂಡ ಕೂತಿತ್ತು.

ಮರುದಿನ ಅತ್ತೆ ಸ್ನಾನಕ್ಕೆ ಹೋದಾಗ ಚೀಲವನ್ನು ಬಗಲಿಗಿರಿಸಿಕೊಂಡು ಹೊರಟಳು.

ಡ್ರೈಕ್ಲೀನಿಂಗ್ ಅಂಗಡಿಯಲ್ಲಿ ಇಸ್ತ್ರಿಯ ಹಬೆ, ಸ್ಪಿರಿಟ್ಟಿನ ಘಾಟು. ಒಳಗೆಲ್ಲೋ ಯಂತ್ರವೊಂದು ಹೊಟ್ಟೆ ಹಸಿದಂತೆ ಗುರುಗುಟ್ಟುತ್ತಿತ್ತು. ಗಲ್ಲಾದಲ್ಲಿದ್ದ ದಪ್ಪ ಹೆಂಗಸು ಉಡುಪನ್ನು ಮೇಜಿನ ಮೇಲೆ ಹರಡಿ ನಾಲಿಗೆ ಲೊಚಗುಟ್ಟಿದಳು.

"ಮದುವೆ ಬಟ್ಟೆಗೆ ರೇಟು ಜಾಸ್ತಿ ಮೇಡಂ. ಕೇಳಿ ಅರ್ಧ ಜನ ವಾಪಸ್ ಹೋಗ್ತಾರೆ. ಇನ್ನರ್ಧ ಜನ ಗಂಡನ್ನೇ ವಾಪಸ್ ಕಳಿಸಿರ್ತಾರೆ, ಬಟ್ಟೆ ಮಾರೋಕೆ ಕ್ಲೀನ್ ಮಾಡಿಸ್ತಾರೆ."

"ರೇಟು ಎಷ್ಟಾದರೂ ಆಗಲಿ. ಏನೂ ಉಳೀಬಾರದು. ಕಲೆ, ವಾಸನೆ, ಏನೂ."

"ಉಟ್ಟಿದ್ದು ನೀವೇ ತಾನೇ?"

"ಯಾಕೆ?"

"ನಮ್ಮಲ್ಲಿ ಒಂದು ಪದ್ಧತಿ ಇದೆ. ರೇಷ್ಮೆ ಮೇಲಿನ ಹಳೇ ಕಲೆಗೆ ಮೊದಲ ಹನಿ ಔಷಧಿ ನಾವು ಹಾಕಲ್ಲ. ಉಟ್ಟವರೇ ಹಾಕಬೇಕು. ಆಮೇಲೆ ಬಟ್ಟೆ ಹಾಳಾಯ್ತು ಅಂತ ಜಗಳ ಬೇಡ ನೋಡಿ. ಬೇರೆಯವರ ಬಟ್ಟೆಯಾದ್ರೆ ಅವರನ್ನೇ ಕರ್ಕೊಂಡು ಬನ್ನಿ."

ನಿಜ ಹೇಳಿದರೆ ಚೀಲ ಮತ್ತೆ ಅದೇ ಮೂಲೆಗೆ.

"ನಾನೇ ಉಟ್ಟಿದ್ದು," ಎಂದಳು ಟೀಚರಮ್ಮ.

"ಕಲೆ ಯಾವುದರದ್ದು?"

"ದಾಳಿಂಬೆ ರಸ. ಮದುವೆ ದಿನ ನಮ್ಮವರು ಲೋಟ ಕೊಡೋಕೆ ಬಂದ್ರು. ನನ್ನ ಮುಖ ನೋಡ್ತಾ ನೋಡ್ತಾ ಲೋಟಾನೇ ಮರೆತ್ರು. ಎಲ್ಲಾ ನನ್ನ ಮೇಲೆ." ಅತ್ತೆ ಯಾವಾಗಲೋ ಹೇಳಿದ ಕತೆ ಅದು. ಹೇಳುತ್ತಾ ಹೇಳುತ್ತಾ ಬಾಯಿಗೆ ರುಚಿ ಹತ್ತಿತು. "ನಾನು ಅಳ್ತೀನೇನೋ ಅಂತ ಹೆದರಿದ್ರು. ನಾನು ನಕ್ಕುಬಿಟ್ಟೆ."

ಹೆಂಗಸು ಕಲೆಯ ಕೆಳಗೆ ಮಡಿಸಿದ ಬಿಳಿ ಬಟ್ಟೆಯೊಂದನ್ನು ಒತ್ತಾಗಿ ಇಟ್ಟಳು. ಕರಗಿದ ಬಣ್ಣ ಇಳಿದು ಅದಕ್ಕೆ ಹತ್ತಬೇಕು. ಪುಟ್ಟ ಬಾಟಲಿ ಕೈಗಿತ್ತಳು. ಟೀಚರಮ್ಮ ಹನಿ ಹಾಕಿದಳು. ಕಂದು ಬಣ್ಣ ಕದಡಿತು. ಕೆಂಪಾಯಿತು. ಆಗ ತಾನೇ ಹಿಂಡಿದ ಹಣ್ಣಿನ ವಾಸನೆ ಘಮ್ಮೆಂದು ಮೂಗಿಗೆ ಹೊಡೆಯಿತು. ಅವಳಿಗೆ ಕೆಮ್ಮು ಬಂತು.

"ಅಂಚಿನೊಳಗೆ ಏನೋ ಇದೆ ಮೇಡಂ. ಕೂದಲಿಗೆ ದಾರ ಸುತ್ತಿ ಗಂಟು ಹಾಕಿದ್ದಾರೆ." ಹೆಂಗಸಿನ ಬೆರಳು ಹಿಂದೆ ಸರಿಯಿತು. "ನಿಮ್ಮದೇನಾ?"

"ನಂದೇ. ಬಿಚ್ಚಿ ಬಿಸಾಕಿ."

ಮಧ್ಯಾಹ್ನ ಉಡುಪು ತರಲು ಹೋದಾಗ ಆ ಹೆಂಗಸು ನಗಲಿಲ್ಲ. ಉಡುಪು ಇದುವರೆಗೆ ಯಾರೂ ಉಡದ ಬಟ್ಟೆಯಂತೆ ಬೆಳ್ಳಗಿತ್ತು. ಮೂಗಿಗೆ ಹಿಡಿದರೆ ಏನೂ ಇಲ್ಲ.

"ಒಂದು ಮಾತು ಮೇಡಂ. ಕಲೆ ಹೋಯ್ತು. ಆದ್ರೆ ಅಡಿಗಿಟ್ಟ ಬಟ್ಟೆಗೆ ಬರಲಿಲ್ಲ. ಅದು ಹಾಗೇ ಬೆಳ್ಳಗಿದೆ. ಇಲ್ಲೂ ಇಲ್ಲ, ಅಲ್ಲೂ ಇಲ್ಲ. ಎಲ್ಲಿಗೆ ಹೋಯ್ತು ಅಂತ ನಂಗೊತ್ತಿಲ್ಲ."

"ಆವಿಯಾಗಿರುತ್ತೆ ಬಿಡಿ," ಎಂದಳು ಟೀಚರಮ್ಮ. ಮೆಟ್ಟಿಲಿಳಿಯುವಾಗ ಮತ್ತೆ ಕೆಮ್ಮಿದಳು.

ಸಂಜೆ ಗಂಡ ಬಂದ. ಬೀರು ತೆರೆದ. ಅವಳು ಅಡುಗೆಮನೆಯ ಬಾಗಿಲಲ್ಲಿ ನಿಂತು ಕಾದಳು. ಕೂಗಾಡಲಿ, ಅಳಲಿ, ಏನಾದರೂ ಸರಿ, ಅವನು ತನ್ನ ಕಡೆಗೆ ತಿರುಗಲೇಬೇಕು. ಅವನು ಚೀಲ ಬಿಚ್ಚಿದ. ರೇಷ್ಮೆಗೆ ಮುಖ ಒತ್ತಿದ. ಬಹಳ ಹೊತ್ತು ಹುಡುಕಿದ. ಆಮೇಲೆ ತಲೆಯೆತ್ತಿ ಗಾಳಿಯನ್ನು ಮೂಸಿದ. ನಿಧಾನವಾಗಿ ತಿರುಗಿದ.

ಉಡುಪು ಅವನ ಕೈಯಿಂದ ಜಾರಿತು. ಅದನ್ನು ತುಳಿದುಕೊಂಡೇ ಬಂದ.

"ಎಲ್ಲೇ ಹೋಗಿದ್ದೆ ನೀನು?" ಎಂದ. "ಗುಬ್ಬಿ."

ಅವಳ ಕತ್ತಿನ ಗುಳಿಗೆ ಮುಖವಿಟ್ಟು ಉಸಿರೆಳೆದ. ಹೆದರಿಕೆಗಿಂತ ಮೊದಲು ಸುಖವೇ ಬಂತು. ಬಿಡಿಸಿಕೊಳ್ಳಬೇಕು ಎಂದು ತಲೆ ಹೇಳಿತು. ಕೈಗಳು ಅವನ ಬೆನ್ನನ್ನು ಬಳಸಿದವು.

ಆಮೇಲೆ ಬಚ್ಚಲಿಗೆ ಹೋಗಿ ಮುಖ ತೊಳೆಯಲು ಬಗ್ಗಿದಾಗ ಕಂಡಿತು. ಎಡ ಎದೆಯ ಮೇಲೆ, ಅಂಗೈಯಗಲದ ಕಂದು ಕಲೆ. ಸಾಬೂನು ತಿಕ್ಕಿದಳು. ಹೋಗಲಿಲ್ಲ. ನಿಂಬೆಹಣ್ಣು ಉಜ್ಜಿದಳು. ಸೋಡಾ ಪುಡಿ ಉಜ್ಜಿದಳು. ಚರ್ಮ ಕೆಂಪೇರಿತು, ಉರಿಯಿತು. ಕಲೆ ಒದ್ದೆಯಾಯಿತು. ಹಣ್ಣಿನ ವಾಸನೆ ಬಚ್ಚಲು ತುಂಬಿತು. ಅದರ ಹಿಂದೆಯೇ ಒದ್ದೆ ಕೂದಲಿನ ವಾಸನೆ. ಬೇರೆಯವರ ಬೆವರು, ತನ್ನ ಕಂಕುಳಿಂದ. ಎದೆಯೊಳಗೆ ಏನೋ ಮಗ್ಗುಲು ಬದಲಿಸಿತು. ಇಕ್ಕಟ್ಟಿನ ಕೋಣೆಗೆ ಬಂದವರು ಸಾಮಾನು ಸರಿಸಿ ಜಾಗ ಮಾಡಿಕೊಳ್ಳುವಂತೆ. ಉಸಿರು ಅರ್ಧಕ್ಕೇ ನಿಂತಿತು.

ಬಾಗಿಲು ತೆರೆದರೆ ಹೊರಗೆ ಅತ್ತೆ. ಕೈಯಲ್ಲಿದ್ದ ಬಿಂದಿಗೆ ಓರೆಯಾಗಿ ನೀರು ಸುರಿಯುತ್ತಿತ್ತು. ಅತ್ತೆಗೆ ಅದರ ಪರಿವೆಯಿರಲಿಲ್ಲ. ಸೊಸೆಯ ಮುಖವನ್ನೇ ನೋಡುತ್ತಿದ್ದರು.

"ಟೀಚರಮ್ಮನ್ನ ಏನು ಮಾಡ್ದೆ?" ಎಂದು ಪಿಸುಗುಟ್ಟಿದರು.

"ಅತ್ತೆ, ನಾನೇ..." ಬಂದ ದನಿ ಅವಳದಾಗಿರಲಿಲ್ಲ. ತೆಳ್ಳಗಿತ್ತು. ಸೀಳಾಗಿತ್ತು. ಕೆಮ್ಮು ಮಾತನ್ನು ನುಂಗಿತು.

ಅತ್ತೆ ಅವಳ ಎರಡೂ ಕೆನ್ನೆ ಹಿಡಿದು ಕಣ್ಣೊಳಗೆ ಇಣುಕಿದರು. "ಒಳಗಿದ್ದೀಯಾ ಮಗಳೇ? ಇದ್ರೆ ಕೇಳಿಸ್ಕೋ. ಅವನ ಮುಂದೆ ಹೋಗಿ ಹೇಳು. ಅದು ನಂದಲ್ಲ, ನಾನು ಅವಳಲ್ಲ ಅನ್ನು. ಅಷ್ಟಂದ್ರೆ ಬಿಟ್ಟು ಹೋಗ್ತಾಳೆ ಅಂತ ಅವತ್ತು ಹೊಲಿದವರೇ ಹೇಳಿದ್ರು. ಅವಳ ಕಾಯಿಲೇನೂ ಹೀಗೇ ಶುರುವಾಗಿದ್ದು, ಕೆಮ್ಮಿನಿಂದ. ಬೇಗ ಹೇಳು. ಉಸಿರಿರುವಾಗಲೇ ಹೇಳು."

ಗೋಡೆ ಹಿಡಿದುಕೊಂಡು ನಡೆದಳು. ಪಡಸಾಲೆಯಲ್ಲಿ ಕತ್ತಲು ಕವಿಯುತ್ತಿತ್ತು. ದೀಪ ಹಾಕಿರಲಿಲ್ಲ. ಕಿಟಕಿಯ ಬಳಿ ಗಂಡ ನಿಂತಿದ್ದ. ಕನ್ನಡಕ ತೆಗೆದಿದ್ದ. ಕಣ್ಣು ಒದ್ದೆಯಾಗಿತ್ತು. ಅವಳು ಬಂದದ್ದೇ ತಡ, ಅವನ ಮುಖ ದೀಪ ಹಚ್ಚಿದಂತಾಯಿತು.

ಹೇಳಬೇಕು. ಬಾಯಿ ತೆರೆದಳು. ಗಾಳಿ ಸಾಲದು. ನಾಲ್ಕು ಮಾತಿಗಾಗುವಷ್ಟಿದೆ. ನಾನು ಅವಳಲ್ಲ. ಹೇಳಿದರೆ ಉಸಿರು ಬರುತ್ತದೆ. ಹೇಳಿದರೆ ಆ ಮುಖ ಆರುತ್ತದೆ. ಅವನು ಕನ್ನಡಕ ಹಾಕಿಕೊಳ್ಳುತ್ತಾನೆ. 'ನಿಮಗೆ ಹುಷಾರಿಲ್ವಾ?' ಎಂದು ತಾಳ್ಮೆಯಿಂದ ಕೇಳುತ್ತಾನೆ. ನಾಳೆಯೂ ಕೇಳುತ್ತಾನೆ. ಮುದುಕಿಯಾಗುವವರೆಗೂ ಕೇಳುತ್ತಾನೆ.

"ಹೇಳೇ," ಎಂದರು ಹಿಂದಿನಿಂದ ಅತ್ತೆ.

"ಏನಮ್ಮ ಅದು?" ಅವನು ಅವಳಿಂದ ಕಣ್ಣು ಕೀಳದೆ ಕೇಳಿದ. "ಏನು ಹೇಳ್ಬೇಕು ಇವಳು?"

ಎದೆಯೊಳಗಿನವಳೂ ಸದ್ದಿಲ್ಲದೆ ಕಾಯುತ್ತಿದ್ದಳು.

"ಏನಿಲ್ಲ ಕಣೋ," ಎಂದಳು. "ನಿನ್ನ ಗುಬ್ಬಿ ಬಂದಿದ್ದೀನಿ ಅಂತ."

ಅತ್ತೆ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಗೋಡೆಗೊರಗಿದರು. ಅವನು ಅವಳನ್ನು ಎತ್ತಿಕೊಂಡು ಹೋಗಿ ಹಾಸಿಗೆಯಲ್ಲಿ ಮಲಗಿಸಿದ. ತಲೆಯಡಿಗೆ ದಿಂಬಿನ ಮೇಲೆ ದಿಂಬು ಇಟ್ಟ. ಎಷ್ಟು ಎತ್ತರಕ್ಕಿಟ್ಟರೆ ಕೆಮ್ಮು ತಗ್ಗುತ್ತದೆಂದು ಅವನ ಕೈಗೆ ಮೊದಲೇ ಗೊತ್ತಿತ್ತು. ಪಕ್ಕದಲ್ಲಿ ಕೂತ. ಅವಳು ಉಸಿರೆಳೆದಳು. ಬರಲಿಲ್ಲ. ಮತ್ತೆ ಎಳೆದಳು. ಸ್ವಲ್ಪ ಬಂತು. ಅವನು ರೆಪ್ಪೆ ಬಡಿಯದೆ ಅವಳನ್ನೇ ನೋಡುತ್ತಿದ್ದ. ಅಷ್ಟು ಸಾಕಿತ್ತು, ಅವಳಿಗೂ, ಒಳಗಿನವಳಿಗೂ.