ಅದು ಹಾಗಿರಲಿ

"ಕತ್ತರಿ ಅಂದ್ರೆ ನೀವೇನಾ?"

ಪತ್ರಿಕಾ ಕಚೇರಿಯ ಕೀಬೋರ್ಡುಗಳೆಲ್ಲ ಒಮ್ಮೆಲೇ ಸ್ತಬ್ಧ! ಮೂಲೆಯ ಮೇಜಿನಲ್ಲಿದ್ದ ಸಂಗೀತ ವಿಮರ್ಶಕ ಹೆಡ್‌ಫೋನ್ ತೆಗೆದು ತಲೆಯೆತ್ತಿದ. ಒಂದಕ್ಷರವೂ ಹೆಚ್ಚಾಗದಂತೆ ಕತ್ತರಿಸಿ ಬರೆಯುವ ತನಗೆ ಬ್ಯಾಂಡಿನವರು ಇಟ್ಟ ಅಡ್ಡಹೆಸರು ಅವನಿಗೂ ಗೊತ್ತಿತ್ತು. ಎದುರಿಗೇ ನಿಂತು ಹಾಗೆ ಕರೆದವರಲ್ಲಿ ಇವಳೇ ಮೊದಲು.

ಅವಳು ಬೆಳಗಿನ ಪತ್ರಿಕೆಯನ್ನು ಅವನ ಮುಂದೆ ಹಿಡಿದಳು.

"'ಗಾಯಕಿಯ ದನಿ ಹಸಿ. ಅದು ಹಾಗಿರಲಿ.' ಇಷ್ಟೇನಾ? ಆಮೇಲೆ ಪೂರ್ತಿ ಗಿಟಾರು, ಡ್ರಮ್ಸು! ನಮ್ಮ ಮೊದಲನೇ ಆಲ್ಬಂ ಕಣ್ರೀ ಇದು. ನಾನು ಪಕ್ಕಕ್ಕೆ ಸರಿಸೋ ಕಸಾನಾ?"

"ಅಯ್ಯೋ, ನೀವದನ್ನ..."

"ಬೇಡ ಬಿಡಿ!"

ತುಂಬಿದ ಕಣ್ಣು ಅವನಿಗೆ ಕಾಣಬಾರದೆಂದು ಸರಸರನೆ ಹೊರಟೇಹೋದಳು. ಛೆ... ನೋಡಿದರೆ ಎಷ್ಟು ಮೆತ್ತಗಿದ್ದಾನೆ, ಬರೆದರೆ ಇಂಥ ಕಟುಕನಾ?

ಟಯರ್ ಅಂಗಡಿಯ ಮೇಲಿನ ತಾಲೀಮು ಕೋಣೆಯಲ್ಲಿ ಅಣ್ಣ ಡ್ರಮ್ ಬಿಗಿ ಮಾಡುತ್ತಿದ್ದ. ಸಂಜೆ ಆಲ್ಬಂ ಬಿಡುಗಡೆ.

"ಅಣ್ಣಾ, ನಾನು ಹಾಡಲ್ಲ. ಇವತ್ತೂ ಇಲ್ಲ, ಮುಂದೂ ಇಲ್ಲ. ಬೇರೆಯವರನ್ನ ನೋಡ್ಕೋ."

"ನೆಗಡಿ ಬಂತು ಅಂತ ಯಾರಾದ್ರೂ ಮೂಗು ಕೊಯ್ಕೋತಾರೇನೇ?"

"ಅವರು ಸುಳ್ಳು ಬರೆಯಲ್ಲ ಅಣ್ಣಾ... ಅದಕ್ಕೇ ನೋವು."

ನಿಜ. ಅವನ ಅಂಕಣವನ್ನು ಅವಳು ಒಂದು ವಾರವೂ ತಪ್ಪಿಸಿದವಳಲ್ಲ. ಊರೆಲ್ಲ ಹೊಗಳಿದರೂ ಅವನೊಬ್ಬನ ಮೆಚ್ಚುಗೆಗಾಗಿ ಅವಳ ಜೀವ ಕಾದಿತ್ತು.

ಅಷ್ಟರಲ್ಲಿ ಮೆಟ್ಟಿಲ ಮೇಲೆ ಏದುಸಿರು. ವಿಮರ್ಶಕ!

"ಬೈಯೋದು ಆಮೇಲೆ ಬೈಯಿರಿ. ಮೊದಲು ಕೇಳಿ. 'ಆ ಮಾತು ಬಿಡಿ' ಅಂತ ಅಲ್ಲ ನಾನು ಬರೆದಿದ್ದು. ಆ ದನಿ ಹಾಗೇ ಇರಲಿ, ಯಾರೂ ತಿದ್ದೋಕೆ ಹೋಗ್ಬೇಡಿ ಅಂತ!"

ಅವಳು ಕಣ್ಣರಳಿಸಿದಳು. "ಮತ್ತೆ... ಹಸಿ ಅಂದಿದ್ದು?"

"ಮೂರನೇ ಹಾಡಲ್ಲಿ ನಿಮ್ಮ ದನಿ ಒಡೆಯುತ್ತಲ್ಲ? ಬೇರೆಯವರಾಗಿದ್ರೆ ಇನ್ನೊಮ್ಮೆ ಹಾಡಿ ನುಣ್ಣಗೆ ಮಾಡ್ತಿದ್ರು. ನೀವು ಹಾಗೇ ಬಿಟ್ರಿ. ಹಸಿಗೋಡೆಗೆ ಹರಳು ನೆಟ್ಟ ಹಾಗೆ ಅದು ಮನಸ್ಸಲ್ಲಿ ಕೂತುಬಿಟ್ಟಿದೆ."

ಅಣ್ಣ ಗೊಳ್ಳೆಂದು ನಕ್ಕ. "ಒಂದಕ್ಷರ ಉಳಿಸೋಕೆ ಹೋಗಿ ನಮ್ಮ ಹಾಡುಗಾರ್ತೀನೇ ಕಳೀತಿದ್ರಲ್ಲ ಸ್ವಾಮಿ!"

ಸಂಜೆ ಅವಳು ಹಾಡಿದಳು. ಮೂರನೇ ಹಾಡಿನಲ್ಲಿ ದನಿ ಮತ್ತೆ ಒಡೆಯಿತು. ಈ ಸಲ ಅವಳಿಗೆ ನಾಚಿಕೆಯಾಗಲಿಲ್ಲ. ಮುಂದಿನ ಸಾಲಿನಲ್ಲಿ ಒಬ್ಬ ಪೆನ್ನು ಜೇಬಿಗಿಟ್ಟು, ಕಣ್ಣು ಮುಚ್ಚಿ ಕೂತಿದ್ದ.

ಜನ ಚದುರಿದ ಮೇಲೆ ವೇದಿಕೆಯ ಹಿಂದೆ ಅವಳು ವೈರು ಸುತ್ತುತ್ತಿದ್ದಾಗ ಅವನು ಬಂದ.

"ನಾಳೆ ಏನು ಬರೀತೀರಿ?"

"ಬರೆಯಲ್ಲ. ಇನ್ನು ನಿಮ್ಮ ಹಾಡಿನ ಬಗ್ಗೆ ಬರೆಯೋದೇ ಇಲ್ಲ. ಸಂಪಾದಕರಿಗೂ ಹೇಳಿಬಿಟ್ಟೆ."

"ಅಷ್ಟು... ಕೆಟ್ಟದಾಗಿತ್ತಾ?"

"ವಿಮರ್ಶಕ ಪಕ್ಷಪಾತ ಮಾಡಬಾರದಲ್ವಾ?" ಅವನು ನೆಲ ನೋಡಿದ. "ನನ್ನ ಕೈಲಿ ಇನ್ನು ಆಗಲ್ಲ."

ವೈರು ಅವಳ ಕೈಯಿಂದ ಜಾರಿತು.

"ಮತ್ತೆ ನಾನು ಹೇಗೆ ಹಾಡಿದೆ ಅಂತ ಹೇಳೋರ್ಯಾರು?"

"ನಾನೇ... ಪಕ್ಕದಲ್ಲಿ ಕೂತು, ದಿನಾ. ಆಗಬಹುದಾ?"

ಅವಳು ನಕ್ಕಳು. ಕೆನ್ನೆ ಒದ್ದೆಯಾಗಿತ್ತು.

"ನಿಮಗೆ ಬಿಡಿಸಿ ಹೇಳೋಕೆ ಬರಲ್ಲ. ನಾನೇ ಹೇಳ್ತೀನಿ ಕೇಳಿ... ನೀವಂದ್ರೆ ನನಗೆ ಪ್ರಾಣ."

"ಇನ್ನೊಂದ್ಸಲ?"

"ನೀವಂದ್ರೆ ನನಗೆ ಪ್ರಾಣ ಕಣ್ರೀ!"