ಬಾರದವರ ಪಾಲು

ತುಪ್ಪದಲ್ಲಿ ಹುರಿದ ಗಸಗಸೆಯ ವಾಸನೆ ಬಂದರೆ ಇನ್‌ಸ್ಪೆಕ್ಟರ್ ಬಸವಲಿಂಗನಿಗೆ ಬೆಳಗಾವಿಯ ಓಣಿಯ ಮನೆ ನೆನಪಾಗುತ್ತಿತ್ತು. ಅವ್ವ ಕರ್ಜಿಕಾಯಿ ಕರಿಯುವಾಗ ಕೈ ಹಾಕಿದರೆ ಸೌಟಿನ ಹಿಡಿಯಿಂದ ಮೆಲ್ಲಗೊಂದು ಏಟು. ಆಮೇಲೆ ಅವಳೇ ಊದಿ ಆರಿಸಿ ಬಾಯಿಗಿಡುತ್ತಿದ್ದಳು. ಶನಿವಾರ ಮಧ್ಯಾಹ್ನ ಪುಣೆಯ ಶಿವಾಜಿನಗರದ ಠಾಣೆಗೆ ಯುವಕನೊಬ್ಬ ಅದೇ ವಾಸನೆ ಹೊತ್ತು ಬಂದ. ಅವನ ಕೈಯಲ್ಲಿ ಬೆಳ್ಳಿಯ ಹರಿವಾಣ, ಅದರ ಮೇಲೆ ಅಂಗೈಯಷ್ಟು ಕಡುಬಿನ ತುಂಡು.

“ಹಡಗ ಕಳುವಾಗೇದ್ರಿ ಸರ್,” ಎಂದ.

“ಪುಣೆಗೆ ಸಮುದ್ರ ಯಾವಾಗ ಬಂತೋ ತಮ್ಮಾ?” ಎಂದಳು ಹೆಡ್ ಕಾನ್‌ಸ್ಟೆಬಲ್ ಗಂಗೂಬಾಯಿ. ಆದರೂ ಕುರ್ಚಿ ಎಳೆದು ಕೊಟ್ಟಳು.

ಹೆಸರು ಸ್ವಪ್ನಿಲ್, ಮನೆತನ ಧಾರವಾಡದ ಕಡೆಯದು. ಕಾಲೇಜಿನಲ್ಲಿದ್ದಾಗ ಅವನೂ ಗೆಳೆಯ ಅವಧೂತನೂ ಸೇರಿ ‘ನೀಲಸೀಮೆ’ ಎಂಬ ಕಲ್ಪನೆಯ ಲೋಕವೊಂದನ್ನು ಕಟ್ಟಿ, ಕಾಮಿಕ್ ಪುಸ್ತಕವಾಗಿ ಅಚ್ಚು ಹಾಕಿಸಿದ್ದರು. ಅಲ್ಲಿನವರೆಲ್ಲ ಕಡಲಿಗರು. ವರ್ಷಕ್ಕೊಮ್ಮೆ ಹಬ್ಬದಲ್ಲಿ ಹಡಗಿನಾಕಾರದ ದೊಡ್ಡ ಪದರಗಡುಬು ಮಾಡಿ, ಮುರಿದು ಹಂಚುತ್ತಾರೆ. ಅದರ ಮುಂತುದಿಯ ಮೂತಿಯನ್ನು ಮಾತ್ರ ಯಾರೂ ತಿನ್ನುವುದಿಲ್ಲ. ಅದು ಕಡಲಿಗೆ ಹೋಗಿ ಮರಳಿ ಬಾರದವರ ಪಾಲು. ಪುಣೆಯ ಓದುಗರು ವೇಷ ತೊಟ್ಟು, ನಾಟಕವಾಡಿ ಆ ಹಬ್ಬವನ್ನು ನಿಜವಾಗಿಯೇ ಆಚರಿಸುತ್ತಿದ್ದರು. ಈ ವರ್ಷದ ಹಬ್ಬ ಅಂದೇ ಸಂಜೆ, ಆರು ಗಂಟೆಗೆ.

“ಬೀಗ ಹಾಕಿದ್ದ ಕೋಣ್ಯಾಗಿಂದ ಕಡುಬು ಹೋಗೇದ್ರಿ. ಬರೇ ಈ ಮೂತಿ ಉಳದದ.”

“ಬೆಳ್ಳಿ ಬಿಟ್ಟು ಕಡುಬು ಒಯ್ದಾನಂದ್ರ ಕಳ್ಳ ಭಾಳ ಹಸದಿದ್ದ ಕಾಣ್ತದ,” ಎಂದಳು ಗಂಗೂಬಾಯಿ.

ಬಸವಲಿಂಗ ನಗಲಿಲ್ಲ. ಅವಧೂತ ಎಂಬ ಹೆಸರು ಕೇಳಿದಾಗಿನಿಂದ ಅವನ ಮನಸ್ಸು ಒಂದೆಡೆ ನಿಂತಿರಲಿಲ್ಲ. ಹೋದ ಮಳೆಗಾಲದಲ್ಲಿ ಕೋಟೆ ಹತ್ತಲು ಹೋಗಿ ಕಾಣೆಯಾದ ಅವಧೂತನ ಫೈಲು ಅವನದೇ ಕಪಾಟಿನಲ್ಲಿತ್ತು. ಹುಡುಗನ ತಾಯಿ ಪಾರವ್ವ ಆಗಾಗ ಬಂದು ವಿಚಾರಿಸಿ ಹೋಗುತ್ತಿದ್ದಳು. ಅಂದು ಬೆಳಿಗ್ಗೆಯೂ ಬಂದಿದ್ದಳು, ಇಳಕಲ್ ಸೀರೆ ಉಟ್ಟುಕೊಂಡು. “ನನ್ನ ಮಗ ಇವತ್ತ ಬರ್ತಾನ್ರಿ ಸಾಹೇಬ್ರ. ನೀವೂ ಭಾಳ ದಣದೀರಿ, ಫೈಲ್ ಮುಚ್ಚಿಬಿಡ್ರಿ,” ಎಂದಿದ್ದಳು. ಗಂಗೂಬಾಯಿ ಚಹಾ ಕುಡಿಸಿ, ರಿಕ್ಷಾ ಹತ್ತಿಸಿ ಕಳಿಸಿದ್ದಳು.

ಎರಡೂಕಾಲಿಗೆ ಎಫ್‌ಐಆರ್ ದಾಖಲಾಯಿತು. ಹರಿವಾಣವನ್ನು ಇದ್ದಲ್ಲಿಂದ ಎತ್ತಿ ತಂದದ್ದಕ್ಕೆ ಸ್ವಪ್ನಿಲ್‌ನನ್ನು ಬೈದು, ಅದನ್ನು ಅವನ ಕೈಯಲ್ಲೇ ಹಿಡಿಸಿಕೊಂಡು ಬಸವಲಿಂಗ ಜೀಪು ಹತ್ತಿದ. ಬಸ್ ಸ್ಟ್ಯಾಂಡಿನ ಚೌಕದಲ್ಲಿ ಗಾಡಿಗಳು ಒಂದಕ್ಕೊಂದು ಅಂಟಿಕೊಂಡು ನಿಂತಿದ್ದವು. ಅವನು ಗಡಿಯಾರ ನೋಡಿದ. ಸ್ವಲ್ಪ ಹೊತ್ತಿಗೆ ಮತ್ತೆ ನೋಡಿದ.

ಹಬ್ಬ ನಡೆಯಬೇಕಿದ್ದ ಸಭಾಗೃಹದಲ್ಲಿ ಪಂಚನಾಮೆಗೆ ಪಂಚರಾಗಿ ಸಿಕ್ಕವರು ಇಬ್ಬರು ಕಡಲುಗಳ್ಳರು. ಅಂಟಿಸಿದ ಮೀಸೆ ಕಿತ್ತು ಜೇಬಿಗಿಟ್ಟುಕೊಂಡು, ಗಂಭೀರವಾಗಿ ಸಹಿ ಹಾಕಿದರು. ಬೀಗ ಮುರಿದಿರಲಿಲ್ಲ. ಕಿಟಕಿಯ ಸರಳುಗಳು ಗಟ್ಟಿಯಾಗಿದ್ದವು. ಹೊರಗಿನವರು ಯಾರೂ ಬಂದಿಲ್ಲವೆಂದು ಕಾವಲುಗಾರ ಕಾಂತಪ್ಪ ಆಣೆಯಿಟ್ಟು ಹೇಳಿದ.

“ಕೀಲಿ ಯಾರ ಕಡೆ ಅದ?”

“ನನ್ನ ಕಡೆ ಒಂದು. ಸ್ನೇಹಲ್ ಕಡೆ ಒಂದು. ಅವಧೂತನ ತಂಗಿ ರೀ, ವೇಷಭೂಷಣ ಆಕೀನ ನೋಡ್ತಾಳ,” ಎಂದ ಸ್ವಪ್ನಿಲ್.

“ಈ ಸಲದ ಹಬ್ಬದಾಗ ಹೊಸಾದು ಏನರ ಅದ?”

ಸ್ವಪ್ನಿಲ್ ತಡವರಿಸಿದ. “ನಾಟಕದ ಕಡೀಗೆ ಕಡಲಿಗೆ ಹೋದ ನಾವಿಕ ತಿರುಗಿ ಬರ್ತಾನ್ರಿ. ಅವಧೂತ ಹಾಕ್ಕೋತಿದ್ದನಲ್ಲ, ಅದ ವೇಷ, ಬ್ಯಾರೆ ಹುಡುಗ. ಬಂದು ಮೂತಿ ತಿಂತಾನ. ಮಂದೀಗೆ ಸಮಾಧಾನ ಆಗ್ಲಿ ಅಂತ ಮಾಡೇವ್ರಿ.”

“ಪಾರವ್ವಗ ಏನ್ ಹೇಳಿದಿ?”

“‘ಅವಧೂತ ಬರ್ತಾನ, ಮುಂದಿನ ಸಾಲಿನ್ಯಾಗ ಕುಂಡರ್ರಿ’ ಅಂದೆ. ನಾಟಕ ಅಂತ ತಿಳೀತದ ಅಂದ್ಕೊಂಡೆ.”

 ಬಸವಲಿಂಗನ ಕಣ್ಣ ಮುಂದೆ ಬೆಳಗಿನ ಇಳಕಲ್ ಸೀರೆ ಬಂತು. ಆಮೇಲೆ ಹರಿವಾಣದ ತುಂಡನ್ನು ಬಗ್ಗಿ ನೋಡಿದ. ಅವಸರದಲ್ಲಿ ಮುರಿದದ್ದಲ್ಲ, ಚೂರಿಯಿಂದ ಪದರ ಉದುರದಂತೆ ಕೊಯ್ದು, ನಟ್ಟನಡುವೆ ಇಟ್ಟದ್ದು. ಕದಿಯುವಾಗಲೂ ಆ ಪಾಲಿಗೆ ಕೈ ಹಾಕಲಾರದವರು ಯಾರು?

ಬಣ್ಣದ ಕೋಣೆಯಲ್ಲಿ ಸ್ನೇಹಲ್ ಯಾರದೋ ಅಂಗಿಗೆ ಗುಂಡಿ ಹೊಲಿಯುತ್ತಿದ್ದಳು. ಮೂಲೆಯ ಟ್ರಂಕಿನಿಂದ ಗಸಗಸೆಯ ವಾಸನೆ ಬರುತ್ತಿತ್ತು.

“ತಗೀ ತಂಗಿ.”

ಅವಳು ಎದ್ದು ಹೋಗಿ ಹಾಯಿಬಟ್ಟೆಗಳನ್ನು ಸರಿಸಿದಳು. ಮೂತಿಯಿಲ್ಲದ ಹಡಗು ಅಲ್ಲಿತ್ತು.

“ಮೂತಿ ಯಾಕ ಬಿಟ್ಟಿ?”

“ಅದು ನಂದಲ್ಲಲ್ರಿ.” ಮತ್ತೆ ಅಂಗಿ ಎತ್ತಿಕೊಂಡು ದಾರವನ್ನು ಹಲ್ಲಿನಿಂದ ಕಡಿದಳು. “ಅವ್ವ ನಸುಕಿನ್ಯಾಗ ಎದ್ದು ಹೋಳಿಗಿ ಮಾಡ್ಯಾಳ. ಬರಾಂವ ಅಣ್ಣ ಅಲ್ಲ, ಬಣ್ಣ ಹಚ್ಕೊಂಡ ಬ್ಯಾರೆ ಹುಡುಗ ಅಂದ್ರ ನನಗ ಬೈದ್ಳು. ಸ್ವಪ್ನಿಲ್‌ಗೂ ಕೈ ಮುಗದೆ. ‘ಟಿಕೆಟ್ ಹೋಗ್ಯಾವ’ ಅಂದ. ಕಡುಬಿಲ್ಲಂದ್ರ ಹಬ್ಬ ಇಲ್ಲ. ಹಬ್ಬ ಇಲ್ಲಂದ್ರ ಆ ಹುಡುಗ ನಮ್ಮವ್ವನ ಮುಂದ ಬಂದು ನಿಂದ್ರೂದಿಲ್ಲ. ಇಷ್ಟ ರೀ.”

ಬಾಗಿಲಲ್ಲಿ ನಿಂತಿದ್ದ ಸ್ವಪ್ನಿಲ್ ಒಳಗೆ ಬಂದ. “ಸರ್, ಕಂಪ್ಲೇಂಟ್ ವಾಪಸ್ ತಗೋತೀನ್ರಿ.”

“ಎಫ್‌ಐಆರ್ ಆಗೇದ. ಅದನ್ನ ಕೋರ್ಟಿನ್ಯಾಗ ಹೇಳು. ಮೊದಲು ಆ ಹುಡುಗನ ವೇಷ ಬಿಚ್ಚಿಸು.”

ಸೂರ್ಯ ಮುಳುಗಿದ ಮೇಲೆ ಹೆಂಗಸರನ್ನು ಬಂಧಿಸುವಂತಿಲ್ಲ. ಬಿಸಿಲಿರುವಾಗಲೇ ಕಾಗದಪತ್ರ ಮುಗಿಯಿತು. ಗಂಗೂಬಾಯಿ ಸ್ನೇಹಲ್‌ಳ ರಟ್ಟೆ ಹಿಡಿಯಲಿಲ್ಲ. ರಸ್ತೆ ದಾಟಿಸುವವರಂತೆ ಬೆರಳಿಗೆ ಬೆರಳು ಸೇರಿಸಿ ಜೀಪಿನವರೆಗೆ ನಡೆಸಿಕೊಂಡು ಬಂದಳು. ಅಂದು ವೇದಿಕೆಗೆ ಯಾವ ನಾವಿಕನೂ ಬರಲಿಲ್ಲ.

ದೀಪ ಹಚ್ಚುವ ಹೊತ್ತಿಗೆ ಪಾರವ್ವ ಠಾಣೆಗೆ ಬಂದಳು. ಸುದ್ದಿ ಮುಟ್ಟಿಸಿದ್ದು ಗಂಗೂಬಾಯಿ. ಪಾರವ್ವನ ಕಂಕುಳಲ್ಲಿ ಬಟ್ಟೆ ಸುತ್ತಿದ ಸ್ಟೀಲಿನ ಡಬ್ಬಿ.

“ಅಂವಾ ಬರಲಿಲ್ಲೇನ್ರಿ ಸಾಹೇಬ್ರ?”

ಬಸವಲಿಂಗ ಎದ್ದು ನಿಂತ. “ಇನ್ನೂ ಇಲ್ರಿ ಅವ್ವಾರ. ಫೈಲ್ ನಾ ಮುಚ್ಚಿಲ್ಲ.”

ಅವಳು ಮಗಳತ್ತ ನೋಡಿದಳು. ಸ್ನೇಹಲ್ ತಲೆಯೆತ್ತಲಿಲ್ಲ. ಪಾರವ್ವ ಬೆಂಚಿನ ಮೇಲೆ ಕುಳಿತು ಡಬ್ಬಿ ಬಿಚ್ಚಿದಳು. ಮೇಲಿನ ಹೋಳಿಗೆಯ ಅಂಚನ್ನು ಚಿಟಿಕೆಯಷ್ಟು ಮುರಿದು ಮುಚ್ಚಳದ ಮೇಲೆ ಬೇರೆ ಇಟ್ಟಳು. ಯಾರೂ ಹೇಳಿಕೊಟ್ಟದ್ದಲ್ಲ, ದಿನದ ರೂಢಿ. ಬಾರದವರಿಗೆ ಪಾಲು ತೆಗೆದಿಡುವ ನೀಲಸೀಮೆಯ ಪದ್ಧತಿ ಯಾವ ಅಡುಗೆಮನೆಯಲ್ಲಿ ಹುಟ್ಟಿತೆಂದು ಬಸವಲಿಂಗನಿಗೆ ಆಗ ತಿಳಿಯಿತು.

ಆಮೇಲೆ ಅವಳು ಡಬ್ಬಿಯನ್ನು ಮಗಳ ಕೈಗೆ ಕೊಟ್ಟಳು.