ಜೋಡಿ ಬಟ್ಟಲು ಮತ್ತು ಗಂಟೆಯ ಒಡೆಯ

ಬಹಳ ಹಿಂದೆ, ಮೋಡಗಳು ಮನೆಯ ಹೊಸ್ತಿಲಿಗಿಂತ ಕೆಳಗೆ ತೇಲುವಷ್ಟು ಎತ್ತರದ ಬೆಟ್ಟಗಳಲ್ಲಿ ಕಿಲ್ಯಮಾರ್ಕ ಅಂತ ಒಂದು ರಾಜ್ಯವಿತ್ತು. ಅಲ್ಲಿ ಯಾವುದೂ ಒಂಟಿಯಾಗಿರಲಿಲ್ಲ. ಹಗಲಿಗೆ ಸೂರ್ಯಪ್ಪ, ಇರುಳಿಗೆ ತಿಂಗಳಮ್ಮ. ಸೂರ್ಯಪ್ಪನ ಗುಡಿ ಗಂಡಸರದು, ತಿಂಗಳಮ್ಮನ ಗುಡಿ ಹೆಂಗಸರದು. ಅಪ್ಪನ ಹೊಲ ಮಗನಿಗೆ, ಅವ್ವನ ಹೊಲ ಮಗಳಿಗೆ. ಬಿತ್ತನೆಯ ದಿನ ಗಂಡು ಕಾಲುನೇಗಿಲು ಮೆಟ್ಟಿ ಹಿಂದಕ್ಕೆ ಹಿಂದಕ್ಕೆ ಹೆಜ್ಜೆ ಇಡುತ್ತಿದ್ದ. ಹೆಣ್ಣು ಅವನ ಎದುರಿಗೆ ಬಗ್ಗಿ ಹೆಂಟೆ ಮಗುಚಿ ಬೀಜ ಹಾಕುತ್ತಿದ್ದಳು.

ಮೆಕ್ಕೆಜೋಳದ ಕಳ್ಳು ಕುಡಿಯುವ ಮರದ ಬಟ್ಟಲುಗಳನ್ನೂ ಒಂದೇ ಕೊರಡಿನಿಂದ ಜೋಡಿಯಾಗಿ ಕೆತ್ತುತ್ತಿದ್ದರು. ಕುಡಿಯುವ ಮೊದಲು "ಎದುರಿಗೆ ಯಾರು?" ಅಂತ ಕೇಳಬೇಕು. ಇನ್ನೊಬ್ಬರು "ನಾನಿದ್ದೀನಿ" ಅನ್ನಬೇಕು. ಆಮೇಲೆ ನೆಲಕ್ಕೆ ಒಂದು ಹನಿ, ಬಾಯಿಗೆ ಉಳಿದದ್ದು.

ಆ ರಾಜ್ಯದಲ್ಲಿ ಅಟೋಕ ಅಂತ ಒಬ್ಬ ಲಾಮಾ ಕಾಯುವವನಿದ್ದ. ಲಾಮಾ ಅಂದರೆ ಕುರಿಗಿಂತ ಎತ್ತರ, ಒಂಟೆಗಿಂತ ಗಿಡ್ಡ, ಉದ್ದ ಕತ್ತಿನ ಪ್ರಾಣಿ. ಸಿಟ್ಟು ಬಂದರೆ ಮುಖಕ್ಕೆ ಉಗುಳುತ್ತದೆ. ಅಟೋಕ ಅವುಗಳ ಬೆನ್ನಿಗೆ ಉಪ್ಪು ಹೇರಿ ಕಣಿವೆ ಕಣಿವೆ ತಿರುಗುತ್ತಿದ್ದ. ಕಂಡದ್ದಕ್ಕೆಲ್ಲ "ಯಾಕೆ?" ಅನ್ನುವುದು ಅವನ ಚಾಳಿ. ಅವನ ಅಕ್ಕ ಚಾಸ್ಕ ತಿಂಗಳಮ್ಮನ ಗುಡಿಯಲ್ಲಿ ಕಳ್ಳು ಕುದಿಸುವವಳು. "ನಿನ್ನ ಕಾಲಿಗೆ ಮನೆ ಇಲ್ಲ, ನಾಲಿಗೆಗೆ ಬಾಗಿಲಿಲ್ಲ" ಅಂತ ಬೈಯುತ್ತಲೇ ತಮ್ಮನಿಗೆ ಮೊದಲ ಬಟ್ಟಲು ತುಂಬುತ್ತಿದ್ದಳು.

ಒಂದು ದಿನ ಕಡಲಾಚೆಯಿಂದ ಒಬ್ಬ ಮಾಂತ್ರಿಕ ಹಡಗಿನಲ್ಲಿ ಬಂದಿಳಿದ. ಕೈಯಲ್ಲಿ ಕಂಚಿನ ಗಂಟೆ. ಜನ ಅವನನ್ನು ಗಂಟೆಯ ಒಡೆಯ ಅಂದರು. ಅವನು ಗಂಟೆ ಬಾರಿಸಿದ, ಏನೂ ಆಗಲಿಲ್ಲ. ಮತ್ತೆ ಬಾರಿಸಿದ, ಆಗಲೂ ಏನೂ ಆಗಲಿಲ್ಲ. ಆಗ ಗಂಡಸರನ್ನಷ್ಟೇ ಕರೆದು ಒಬ್ಬೊಬ್ಬನ ಕೈಗೂ ಬೆಳ್ಳಿಯ ಬಟ್ಟಲು ಕೊಟ್ಟ. ಪ್ರತಿಯೊಬ್ಬನಿಗೂ ಒಂದೊಂದೇ.

"ನಮ್ಮ ದೊರೆಯ ಅಪ್ಪಣೆ ಕೇಳಿ," ಅಂದ. "ಇಂದಿನಿಂದ ಮನೆಗೆ ನೀವೇ ಯಜಮಾನರು, ಹೊಲವೆಲ್ಲ ನಿಮ್ಮದು. ತಿಂಗಳು ದೇವರಲ್ಲ, ದೆವ್ವ. ಅದನ್ನು ಪೂಜಿಸುವವರು ಮಾಟಗಾತಿಯರು. ಕುಡಿಯಿರಿ."

"ಎದುರಿಗೆ ಯಾರು?" ಅಂತ ಒಬ್ಬ ಮುದುಕ ಗೊಣಗಿದ.

"ಯಜಮಾನನ ಎದುರಿಗೆ ಯಾರಿರುತ್ತಾರೆ?"

ಬೆಳ್ಳಿಯೊಳಗೆ ದ್ರಾಕ್ಷಿರಸ ಕೆಂಪಗೆ ಹೊಳೆಯುತ್ತಿತ್ತು. ಗಂಡಸರು ಕುಡಿದರು. ರುಚಿ ಹೇಗಿರಬಹುದೆಂಬ ಕುತೂಹಲಕ್ಕೆ ಅಟೋಕನೂ ಕುಡಿದ. ಒಡೆಯ ಗಂಟೆ ಬಾರಿಸಿದ. ತಿಂಗಳಮ್ಮನ ಗುಡಿಯಲ್ಲಿದ್ದ ಹೆಂಗಸರೆಲ್ಲ ಬಿಳಿ ಲಾಮಾಗಳಾದರು. ಮಿಕ್ಕ ಹೆಂಗಸರು ಹೊಲಕ್ಕೆ ಕಾಲಿಡಬಾರದೆಂದು ಕಟ್ಟಳೆಯಾಯಿತು. ಹೆಂಗಸರೆಲ್ಲರ ಮರದ ಬಟ್ಟಲುಗಳನ್ನೂ ಒಡೆಯ ಬೆಟ್ಟದ ತುದಿಯ ಸರೋವರಕ್ಕೆ ಎಸೆಸಿದ. ಗಂಡಸರು ತಾವೇ ಉತ್ತು ತಾವೇ ಬಿತ್ತಿದರು. ಒಂದು ಮೊಳಕೆಯೂ ಏಳಲಿಲ್ಲ.

ಒಡೆಯ ಅಟೋಕನನ್ನು ಕರೆದ. "ಈ ಬಿಳಿ ಹಿಂಡನ್ನು ನೀನು ಮೇಯಿಸು. ಅಮಾವಾಸ್ಯೆಯ ದಿನ ಹಡಗು ಹತ್ತಿಸುತ್ತೇನೆ."

ಅಟೋಕ ಹಿಂಡಿನ ಹತ್ತಿರ ಹೋದ. ಒಂದು ಲಾಮಾ ನೆಟ್ಟಗೆ ಬಂದು ಅವನ ಮುಖಕ್ಕೆ ಉಗುಳಿತು.

"ಅಕ್ಕಾ," ಅಂದ ಅಟೋಕ, ಮುಖ ಒರೆಸಿಕೊಳ್ಳುತ್ತ.

ಅವನ ತಲೆಯಲ್ಲಿ ಒಂದೇ ಹುಳ ಕೊರೆಯುತ್ತಿತ್ತು. ಮೊದಲು ಬಾರಿಸಿದಾಗ ಗಂಟೆ ಯಾಕೆ ಕೆಲಸ ಮಾಡಲಿಲ್ಲ? ಆ ಲಾಮಾವನ್ನು ಕರೆದುಕೊಂಡು ಮೇಲಿನ ಹುಲ್ಲುಗಾವಲಿಗೆ ಹತ್ತಿದ. ಒಡೆಯನಿಗೆ ಸಿಗದೆ ತಪ್ಪಿಸಿಕೊಂಡ ಮಿಕಾಯಜ್ಜಿ ಅನ್ನುವ ಮುದುಕಿ ಅಲ್ಲಿ ನಾಕಾರು ಹೆಂಗಸರ ಜೊತೆ ಅಡಗಿದ್ದಳು. ದಿನವೂ ತಿಂಗಳಮ್ಮನಿಗೆ ಹಾಡು ಹೇಳುತ್ತಿದ್ದಳು.

"ಬಾರೋ ಯಜಮಾನ," ಅಂದಳು ಅಜ್ಜಿ. "ಹೊಲ ಹಸಿರಾಯಿತೇನೋ?"

ಅಟೋಕ ತಲೆ ತಗ್ಗಿಸಿ ತನ್ನ ಪ್ರಶ್ನೆ ಕೇಳಿದ.

"ಗಂಟೆಗೆ ತನ್ನದೇ ಬಲ ಎಲ್ಲಿತ್ತು? ನೀವು ಒಂಟಿ ಬಟ್ಟಲು ಎತ್ತಿದಿರಿ, ನಿಮ್ಮ ಎದುರಿನ ಜಾಗ ಖಾಲಿ ಬಿತ್ತು. ಆ ಖಾಲಿಯಲ್ಲಿ ಗಂಟೆ ಹೊಕ್ಕಿತು. ಹೋಗು, ನಿನ್ನ ಅಕ್ಕನ ಬಟ್ಟಲನ್ನು ಸರೋವರದಿಂದ ತಾ. ದಾರಿಯಲ್ಲಿ ಮೂರು ಕಾವಲು ಪ್ರಾಣಿಗಳಿವೆ. ಒಡೆಯ ಅವುಗಳ ಕೊರಳಿಗೆ ಕಿರುಗಂಟೆ ಕಟ್ಟಿದ್ದಾನೆ. ಆದರೂ ಅವು ನಮ್ಮ ಬೆಟ್ಟದವೇ, ನಮ್ಮ ಪ್ರಶ್ನೆಯನ್ನೇ ಕೇಳುತ್ತವೆ."

ಏರಿನ ಬುಡದಲ್ಲಿ ಬೆಟ್ಟದ ಸಿಂಹ ಅಡ್ಡ ನಿಂತಿತು. "ಎದುರಿಗೆ ಯಾರು?"

"ಯಾರೂ ಇಲ್ಲ. ನಾನೇ ಸಾಕು."

ಸಿಂಹ ಅವನನ್ನು ಕೆಡವಿ ಎದೆಯ ಮೇಲೆ ಕಾಲಿಟ್ಟಿತು. ಲಾಮಾ ಅದರ ಕಣ್ಣಿಗೆ ಉಗುಳಿತು. ಸಿಂಹ ಸೀನಿ ಸೀನಿ ಹಿಂದೆ ಸರಿಯಿತು. "ಸಾಕು ಅಂದೆಯಲ್ಲ, ಈಗ ಉಳಿಸಿದ್ದು ಯಾರು?" ಅಂತ ಕೇಳಿ ದಾರಿ ಬಿಟ್ಟಿತು. ಅಟೋಕ ಎದ್ದು ಲಾಮಾದ ಜೊತೆ ಏರು ಹತ್ತಿದ.

ಕಣಿವೆಯ ಬಾಯಲ್ಲಿ ರಣಹದ್ದು ರೆಕ್ಕೆ ಬಿಚ್ಚಿ ಹಗಲನ್ನೇ ಮುಚ್ಚಿತು. "ಎದುರಿಗೆ ಯಾರು?"

"ನನ್ನ ಲಾಮಾ."

"ನಿನ್ನದಾ? ಹಾಗಾದರೆ ನನಗೆ ಕೊಡು, ಹಸಿವಾಗಿದೆ."

ಹದ್ದಿನ ಉಗುರು ಬಿಳಿ ಬೆನ್ನಿಗಿಳಿಯಿತು. ಅಟೋಕ ನಡುವೆ ಬಿದ್ದು ಲಾಮಾದ ಕತ್ತು ತಬ್ಬಿಕೊಂಡ. "ನನ್ನದಲ್ಲ. ಕೊಡೋಕೆ ನಾನು ಯಾರು? ಇವಳು ನನ್ನ ಅಕ್ಕ, ಚಾಸ್ಕ."

"ಹೆಸರು ಹೇಳೋಕೆ ಇಷ್ಟು ಹೊತ್ತು ಬೇಕಾಯ್ತಾ?" ಅಂದು ಹದ್ದು ರೆಕ್ಕೆ ಮಡಚಿತು.

ಸರೋವರದಲ್ಲಿ ಎರಡು ತಲೆಯ ಹಾವು ಎದ್ದಿತು. ಒಂದು ತಲೆ ಗಂಡು, ಒಂದು ತಲೆ ಹೆಣ್ಣು. ಎರಡೂ ಒಟ್ಟಿಗೆ ಕೇಳಿದವು. "ಎದುರಿಗೆ ಯಾರು?"

ಅಟೋಕ ದಡದಲ್ಲಿ ಬಗ್ಗಿದ. ನೀರಿನಲ್ಲಿ ತನ್ನ ಮುಖ ಕಂಡಿತು, ಪಕ್ಕದಲ್ಲಿ ಲಾಮಾದ ಮುಖ.

"ನಾನು ಒಂಟಿಯಾಗಿ ಕುಡಿದವನು," ಅಂದ. "ಎದುರಿನ ಜಾಗ ಖಾಲಿ ಮಾಡಿದ್ದು ನಾನೇ. ಆ ಜಾಗ ಚಾಸ್ಕಳದು. ಬಟ್ಟಲೂ ಅವಳದೇ, ನನಗೆ ಕೊಡಬೇಡಿ."

ಹಾವು ಮುಳುಗಿ ಎದ್ದು, ಬಟ್ಟಲನ್ನು ಲಾಮಾದ ಮುಂದೆ ಇಟ್ಟಿತು.

ಅಮಾವಾಸ್ಯೆ ಬಂತು. ಗಂಡಸರು ಬಿಳಿ ಹಿಂಡನ್ನು ಹಗ್ಗಕ್ಕೆ ಕಟ್ಟಿ ಹಡಗಿನ ದಾರಿಗೆ ಹೊಡೆಯುತ್ತಿದ್ದರು. ಅಷ್ಟರಲ್ಲಿ ಅಟೋಕ ತನ್ನ ಅವ್ವನ ಹೊಲಕ್ಕಿಳಿದು ಕಾಲುನೇಗಿಲು ಮೆಟ್ಟಿದ. ಎದುರಿಗೆ ಚಾಸ್ಕ. ಅವನು ಹೆಂಟೆ ಎಬ್ಬಿಸಿದರೆ ಅವಳು ಮೂತಿಯಿಂದ ಮಗುಚಿದಳು.

"ಲೋ ಅಟೋಕ, ಪ್ರಾಣಿ ಜೊತೆ ಬಿತ್ತನೆಯೇನೋ?" ಅಂತ ಗಂಡಸರು ನಕ್ಕರು.

"ನೀವು ಯಾರ ಜೊತೆ ಬಿತ್ತಿದಿರಿ? ಏನು ಬೆಳೆದಿರಿ?"

ನಗು ನಿಂತಿತು. ಮಿಕಾಯಜ್ಜಿ ಕೊಟ್ಟ ಕಳ್ಳನ್ನು ಅಟೋಕ ತನ್ನದೂ ಅಕ್ಕನದೂ ಎರಡೂ ಮರದ ಬಟ್ಟಲಿಗೆ ಹೊಯ್ದ. ಒಂದನ್ನು ಲಾಮಾದ ಬಾಯಿಗೆ ಹಿಡಿದ. "ಎದುರಿಗೆ ಯಾರು?"

ಲಾಮಾ ಕುಡಿಯಿತು. ನೆಲಕ್ಕೆ ಹನಿ ಬಿಟ್ಟು ಅಟೋಕನೂ ಕುಡಿದ.

"ನಾನಿದ್ದೀನಿ ಕಣೋ," ಅಂದಳು ಚಾಸ್ಕ, ಮಣ್ಣಾದ ಮೂಗನ್ನು ಸೆರಗಿನಿಂದ ಒರೆಸಿಕೊಳ್ಳುತ್ತ.

ಆ ಮಾತು ಸರೋವರಕ್ಕೆ ಕೇಳಿಸಿತು. ಮುಳುಗಿದ್ದ ಬಟ್ಟಲುಗಳೆಲ್ಲ ತೊರೆಯಲ್ಲಿ ತೇಲಿ ಬಂದವು. ಗಂಡಸರು ಬೆಳ್ಳಿ ಬಿಸುಟು ನೀರಿಗಿಳಿದರು. ಅಮ್ಮನ ಬಟ್ಟಲು ಯಾವುದು, ಹೆಂಡತಿಯದು ಯಾವುದು ಅಂತ ಹುಡುಕಿದರು. ಒಬ್ಬೊಬ್ಬರೇ ಕೇಳಿದರು, ಒಬ್ಬೊಬ್ಬಳೇ "ನಾನಿದ್ದೀನಿ" ಅಂದಳು. ಹಗ್ಗದಲ್ಲಿ ಒಂದು ಲಾಮಾವೂ ಉಳಿಯಲಿಲ್ಲ.

ಒಡೆಯ ಗಂಟೆ ಬಾರಿಸಿದ. ಹೊಕ್ಕಲು ಎಲ್ಲೂ ಖಾಲಿ ಜಾಗವಿರಲಿಲ್ಲ. ಗಂಟೆಯ ನಾಲಿಗೆ ಉದುರಿ ಬಿತ್ತು. ಚಾಸ್ಕ ಅವನ ಕೈಗೂ ಒಂದು ಬಟ್ಟಲು ಕೊಟ್ಟಳು. "ಕುಡಿಯಪ್ಪಾ, ಪರವಾಗಿಲ್ಲ. ನಿನ್ನ ಎದುರಿಗೆ ಯಾರು?"

ಒಡೆಯ ಅತ್ತ ನೋಡಿದ, ಇತ್ತ ನೋಡಿದ. ಹೇಳಲು ಒಂದು ಹೆಸರೂ ಇರಲಿಲ್ಲ. ನಿಂತಲ್ಲೇ ಕಲ್ಲಾದ.

ಆ ಗಂಟೆಯನ್ನು ಹೆಂಗಸರು ತಲೆಕೆಳಗು ಮಾಡಿ ಒಲೆಗೇರಿಸಿದರು. ಕಳ್ಳು ಕುದಿಸಲು ಒಳ್ಳೆಯ ಹಂಡೆಯಾಯಿತು. ಹೊಲ ಹಸಿರಾಯಿತು. ಮಿಕಾಯಜ್ಜಿ ಕೆಳಗಿಳಿದು ಬಂದು ತಿಂಗಳಮ್ಮನ ಗುಡಿಯ ಬಾಗಿಲು ತೆಗೆದಳು. ಕಿಲ್ಯಮಾರ್ಕದವರು ಬಿತ್ತುತ್ತ, ಬೈದಾಡುತ್ತ, ಜೋಡಿಯಾಗಿ ಕುಡಿಯುತ್ತ ಬಹುಕಾಲ ಸುಖವಾಗಿದ್ದರು. ಹೊಲದಂಚಿನ ಆ ಕಲ್ಲಿಗೂ ಬಿತ್ತನೆಯ ದಿನ ಒಂದು ಹನಿ ಬಿಡುತ್ತಿದ್ದರು, ಪಾಪ, ಒಂಟಿ ಅಂತ.

ಅಟೋಕ ಮತ್ತೆ ಉಪ್ಪು ಹೇರಿಕೊಂಡು ಹೊರಟ ದಿನ ಚಾಸ್ಕ ಬಟ್ಟಲು ತುಂಬುತ್ತ ಕೇಳಿದಳು: "ಅಲ್ಲವೋ, ಆ ಬೆಳ್ಳಿ ಬಟ್ಟಲಲ್ಲಿ ಕುಡಿದೆಯಲ್ಲ, ರುಚಿ ಹೇಗಿತ್ತು?"

"ಸಪ್ಪೆ, ಅಕ್ಕಾ."

"ಅದನ್ನು ಮೊದಲೇ ನನ್ನ ಕೇಳಿದ್ದರೆ ಹೇಳುತ್ತಿರಲಿಲ್ಲವಾ?" ಅಂದು ಅವಳು ತನ್ನ ಬಟ್ಟಲು ಎತ್ತಿದಳು.